ನೆಟ್‌ಹ್ಯಾಕ್: ವಾಲ್ಕಿರಿ ತಗೊಂಡರೂ 6ನೇ ಮಹಡಿ ದಾಟೋದಿಲ್ಲ, ಎಲ್ಲಿ ಎಡವುತ್ತೆ?

ಚಿಕ್ಕಬೆಕ್ಕು
ನೆಟ್‌ಹ್ಯಾಕ್ ಅಂದರೆ ಪಾತಾಳದ ಮಹಡಿಗಳನ್ನ ಅಕ್ಷರಗಳಲ್ಲೇ ತೋರಿಸೋ, ಒಂದೊಂದಾಗಿ ಕೆಳಗಿಳಿಯೋ ಕಂಪ್ಯೂಟರ್ ಆಟ. ನನ್ನದು ಆವೃತ್ತಿ 3.6.7, ಪಾತ್ರ ವಾಲ್ಕಿರಿ (ಯೋಧೆ), ಜನಾಂಗ ಮನುಷ್ಯ. ಹೊಸಬರಿಗೆ ಇದೇ ಸುಲಭ ಅಂತ ಎಲ್ಲರೂ ಹೇಳ್ತಾರೆ. ಆದರೂ 3ರಿಂದ 6ನೇ ಮಹಡಿಯೊಳಗೆ ಆಟ ಮುಗಿದುಹೋಗತ್ತೆ. ಸಾವಿಗೆ ಕಾರಣ ಸಾಮಾನ್ಯವಾಗಿ ಇವೇ: ಡ್ವಾರ್ಫ್ (ಗಣಿಯ ಕುಳ್ಳ), ಸೋಲ್ಜರ್ ಆಂಟ್ (ಇರುವೆ), ಫ್ಲೋಟಿಂಗ್ ಐ (ತೇಲೋ ಕಣ್ಣು), ಕೊಳೆತ ಹೆಣ ತಿನ್ನೋದು, ಪ್ರಾರ್ಥನೆ ಮಾಡಿದಾಗ ದೇವರು ಮುನಿಯೋದು. ಇವುಗಳಲ್ಲಿ ಅದೃಷ್ಟ ಎಷ್ಟು, ಆಡೋರ ಕೈಲಿರೋದು ಎಷ್ಟು? "ಹುಷಾರಾಗಿ ಆಡಿ" ಅನ್ನೋದು ಎಲ್ಲ ಕಡೆ ಸಿಗತ್ತೆ. ಅಂಕಿ ಸಮೇತ ಹೇಳೋರಿದ್ದರೆ ದಯವಿಟ್ಟು ಬರೀರಿ.

ಪಾತಾಳಗರಡಿ
ನೀವು ಬರೆದ ಐದರಲ್ಲಿ ಒಂದೂ ಬರೀ ಅದೃಷ್ಟದ್ದಲ್ಲ. ಪ್ರತಿಯೊಂದರಲ್ಲೂ ಸಾಯುವ ಮೊದಲು ತಪ್ಪಿಸಿಕೊಳ್ಳುವ ದಾರಿ ಇರುವ ಒಂದು ಟರ್ನ್ (ಸರದಿ) ಇರುತ್ತದೆ. ಆ ಟರ್ನ್ ಯಾವುದು ಎಂದು ಗುರುತಿಸುವುದೇ ಈ ಆಟದ ಅರ್ಧ ವಿದ್ಯೆ.

ಡ್ವಾರ್ಫ್‌ನಿಂದ ಶುರು ಮಾಡೋಣ. ಮನುಷ್ಯ ವಾಲ್ಕಿರಿಯ ಆರಂಭದ ಎಚ್‌ಪಿ (ಜೀವದ ಅಂಕ) 16, ಎಸಿ (ರಕ್ಷಣೆಯ ಅಂಕ) 6. ಡ್ವಾರ್ಫ್‌ನ ಹೊಡೆತ ಒಂದು ಎಂಟುಮುಖದ ದಾಳ. ಆದರೆ ಕೈಯಲ್ಲಿ ಆಯುಧವಿದ್ದರೆ ಆಯುಧದ ದಾಳವೂ ಅದಕ್ಕೆ ಕೂಡುತ್ತದೆ, ತುಂಬ ಜನ ಗಮನಿಸದ ವಿಷಯ ಇದು. ಮ್ಯಾಟಕ್ (ದೊಡ್ಡ ಗುದ್ದಲಿ) ಹಿಡಿದಿದ್ದರೆ ಹನ್ನೆರಡುಮುಖದ ದಾಳ ಸೇರಿ ಒಂದೇ ಏಟಿಗೆ 20ರವರೆಗೆ ಹೋಗಬಹುದು. ಅಂದರೆ ತುಂಬಿದ ಎಚ್‌ಪಿ ಇದ್ದರೂ ಒಂದೇ ಏಟಿಗೆ ಸಾವು ಸಾಧ್ಯ.

ಇನ್ನೊಂದು ಅಂಕಿ ನಿಮ್ಮ ಕಡೆಗಿದೆ: ಡ್ವಾರ್ಫ್‌ನ ವೇಗ 6, ನಿಮ್ಮದು 12. ಅದು ಒಂದು ಹೆಜ್ಜೆ ಇಡುವಷ್ಟರಲ್ಲಿ ನಿಮಗೆ ಎರಡು ಸಿಗುತ್ತವೆ. ಹಾಗಾಗಿ ಕೆಂಪು ಬಣ್ಣದ ಸಣ್ಣ 'ಎಚ್' ಅಕ್ಷರ ಸಾಲಿನಲ್ಲಿ ಕಂಡ ತಕ್ಷಣ ನುಗ್ಗಬೇಡಿ. ಆರಂಭದಲ್ಲೇ ಕೊಟ್ಟಿರುವ ಡ್ಯಾಗರ್ ಎಸೆಯಿರಿ. ಪಕ್ಕಕ್ಕೆ ಬಂದರೆ ಒಂದು ಏಟು ಕೊಟ್ಟು ಒಂದು ಹೆಜ್ಜೆ ಹಿಂದೆ ಸರಿಯಿರಿ. ಅದು ಮತ್ತೆ ಹತ್ತಿರ ಬರಲು ತನ್ನ ಸರದಿ ಖರ್ಚು ಮಾಡುತ್ತದೆ. 3.6ರಲ್ಲಿ ವೇಗಕ್ಕೆ ಸ್ವಲ್ಪ ಏರಿಳಿತ ಸೇರಿಸಿದ್ದಾರೆ, ಆದ್ದರಿಂದ ಲೆಕ್ಕ ಪ್ರತಿ ಸಲ ಗಡಿಯಾರದಂತೆ ನಡೆಯದು. ಆದರೂ ನಿಂತು ಹೊಡೆದಾಡುವುದಕ್ಕಿಂತ ಇದು ಎಷ್ಟೋ ಮೇಲು.

ಕೊಂದ ಮೇಲೆ ಸಿಗುವುದನ್ನು ನೋಡಿ: ಕಬ್ಬಿಣದ ಹೆಲ್ಮೆಟ್ ಎಸಿ 2, ಕಬ್ಬಿಣದ ಬೂಟು 2, ಅದೃಷ್ಟವಿದ್ದರೆ ಮಿಥ್ರಿಲ್ ಅಂಗಿ 4. ಮೂರೂ ತೊಟ್ಟರೆ 6 ಇದ್ದ ಎಸಿ −2ಕ್ಕೆ ಇಳಿಯುತ್ತದೆ (ಈ ಆಟದಲ್ಲಿ ಎಸಿ ಕಡಿಮೆಯಾದಷ್ಟೂ ಒಳ್ಳೆಯದು). 6ನೇ ಮಹಡಿ ದಾಟುವವರಿಗೂ ದಾಟದವರಿಗೂ ಇರುವ ದೊಡ್ಡ ವ್ಯತ್ಯಾಸ ಈ ಎಂಟು ಪಾಯಿಂಟು.

ಟರ್ಮಿನಲ್_ರಾತ್ರಿ
ಡ್ವಾರ್ಫ್ ಕಾಟ ಬೇಡವೆಂದರೆ ಡ್ವಾರ್ಫ್ ವಾಲ್ಕಿರಿಯನ್ನೇ ತಗೊಳ್ಳಿ. ನೋಮಿಶ್ ಮೈನ್ಸ್‌ನಲ್ಲಿ (ಮುಖ್ಯ ದಾರಿಯಿಂದ ಕವಲೊಡೆಯೋ ಗಣಿಗಳು) ಬಹುಪಾಲು ಎಲ್ಲರೂ ಶಾಂತವಾಗಿರ್ತಾರೆ, ಕತ್ತಲಲ್ಲಿ ಬಿಸಿರಕ್ತದ ಜೀವಿಗಳು ಕಾಣ್ತವೆ, ಎಚ್‌ಪಿ ಕೂಡ 2 ಜಾಸ್ತಿ. ಅದರೊಳಗಿನ ಊರು ಮೈನ್‌ಟೌನ್‌ವರೆಗೆ ಹೆಚ್ಚು ಜಗಳವಿಲ್ಲದೆ ಹೋಗಬಹುದು.

ಪಾತಾಳಗರಡಿ
ಒಪ್ಪುತ್ತೇನೆ, ಆದರೆ ಅದಕ್ಕೂ ಬೆಲೆ ಇದೆ. ಶಾಂತವಾಗಿರುವ ಡ್ವಾರ್ಫ್‌ನ ಹೆಲ್ಮೆಟ್ ನಿಮಗೆ ಸಿಗುವುದಿಲ್ಲ. ಆಸೆಗೆ ಬಿದ್ದು ಶಾಂತ ಜೀವಿಯನ್ನು ಕೊಂದರೆ ಲಕ್ (ಆಟ ಒಳಗೊಳಗೇ ಇಡುವ ಅದೃಷ್ಟದ ಅಂಕ) 5 ಕಡಿಮೆಯಾಗುತ್ತದೆ. ಲಕ್ ತಾನಾಗಿ ಸರಿಹೋಗುವುದು 600 ಟರ್ನಿಗೆ 1ರಂತೆ, ಅಂದರೆ 3000 ಟರ್ನ್ ಕಾಯಬೇಕು. ಅಷ್ಟೂ ಕಾಲ ಪ್ರಾರ್ಥನೆ ಕೆಲಸ ಮಾಡುವುದಿಲ್ಲ. ಹೊಡೆಯುವ ಮುನ್ನ ಆಟ "ನಿಜಕ್ಕೂ ಹೊಡೆಯಬೇಕೇ" ಎಂದು ಕೇಳುತ್ತದೆ. ಆ ಪ್ರಶ್ನೆ ಬಂದಾಗಲೆಲ್ಲ ಎಸ್ಕೇಪ್ ಒತ್ತಿ.

ಗಂಟೆಗೌಡ್ರು
ಪ್ರಾರ್ಥನೆ ವಿಷಯ ನಾನು ಬರೀತೀನಿ, ಇದರಷ್ಟು ತಪ್ಪು ತಿಳಿವಳಿಕೆ ಬೇರೆ ಯಾವುದಕ್ಕೂ ಇಲ್ಲ.

ಪ್ರಾರ್ಥನೆ ಅಂದರೆ ಒಂದು ಕೌಂಟರ್. ಆಟ ಶುರುವಾದಾಗ ಅದು 300ರಲ್ಲಿ ಇರತ್ತೆ, ಲಕ್ ಸೊನ್ನೆ ಇದ್ದರೆ ಪ್ರತಿ ಟರ್ನಿಗೆ 1 ಇಳಿಯತ್ತೆ. ದೊಡ್ಡ ಆಪತ್ತಿನಲ್ಲಿ ಇದ್ದಾಗ ಕೌಂಟರ್ 200 ಅಥವಾ ಕಡಿಮೆ ಇದ್ದರೆ ಸಾಕು, ದೇವರು ಕಾಪಾಡ್ತಾನೆ. ಆಪತ್ತೇ ಇಲ್ಲದೆ ಸುಮ್ಮನೆ ಪ್ರಾರ್ಥಿಸಿದರೆ ಕೌಂಟರ್ ಸೊನ್ನೆಗೆ ಇಳಿದಿರಬೇಕು. ಒಂದು ಸಲ ಫಲಿಸಿದ ಮೇಲೆ ಕೌಂಟರ್ ಯಾವುದೋ ಹೊಸ ಸಂಖ್ಯೆಗೆ ಹೋಗತ್ತೆ. ಎಷ್ಟು ಅಂತ ತೋರಿಸಲ್ಲ. ಅದಕ್ಕೇ ಬಳಕೆಯಲ್ಲಿರೋ ನಿಯಮ: ಮೊದಲನೇದು 300ನೇ ಟರ್ನ್ ಆದ ಮೇಲೆ, ಆಮೇಲಿನವು ತಲಾ 1000 ಟರ್ನ್ ಬಿಟ್ಟು. ಪ್ರಾರ್ಥಿಸಿದ ಕೂಡಲೇ ಟರ್ನ್ ಸಂಖ್ಯೆಯನ್ನ ಕಾಗದದ ಮೇಲೆ ಬರೆದಿಟ್ಟುಕೊಳ್ಳಿ. ಆಪ್ಶನ್ಸ್‌ನಲ್ಲಿ ಟರ್ನ್ ತೋರಿಸೋದನ್ನ ಆನ್ ಮಾಡದಿದ್ದರೆ ಕೆಳಗಿನ ಸಾಲಿನಲ್ಲಿ ಅದು ಕಾಣೋದೇ ಇಲ್ಲ, ಮೊದಲು ಅದನ್ನ ಮಾಡಿ.

ಈಗ "ದೊಡ್ಡ ಆಪತ್ತು" ಅಂದರೇನು? ಎಚ್‌ಪಿ 5 ಅಥವಾ ಕಡಿಮೆ, ಇಲ್ಲವೇ ಗರಿಷ್ಠದ ಏಳನೇ ಒಂದು ಭಾಗಕ್ಕಿಂತ ಕಡಿಮೆ ಇದ್ದರೆ ಆಪತ್ತು ಖಚಿತ. ಗರಿಷ್ಠ 56 ಇದ್ದರೆ 7ಕ್ಕೆ ಇಳಿದ ಮೇಲೆ. ಜನ ಎಡವೋದು ಇಲ್ಲೇ: 56ರಲ್ಲಿ 14 ಉಳಿದಾಗ ಗಾಬರಿಯಾಗಿ ಪ್ರಾರ್ಥಿಸ್ತಾರೆ. ದೇವರ ಲೆಕ್ಕದಲ್ಲಿ ಅದು ಆಪತ್ತೇ ಅಲ್ಲ, ಕೌಂಟರ್ ಸೊನ್ನೆಗೆ ಬಂದಿಲ್ಲದಿದ್ದರೆ ಮುನಿಸು ಖಂಡಿತ. 14 ಉಳಿದಾಗ ಮಾಡಬೇಕಾದ್ದು ಬೇರೆ: ಮೆಟ್ಟಿಲು, ಎಲ್ಬೆರೆತ್ (ನೆಲದ ಮೇಲೆ ಬರೆದರೆ ಮಾನ್‌ಸ್ಟರ್‌ಗಳು ಹೆದರೋ ಪದ), ಗೊತ್ತಿಲ್ಲದ ಪೋಶನ್ (ಕುಡಿಯೋ ಮದ್ದು). 7ಕ್ಕೆ ಬಂದಾಗ ಪ್ರಾರ್ಥನೆ.

ಹಸಿವಿಗೂ ಇದೇ. "ಹಂಗ್ರಿ" ಅಂತ ಬಂದರೆ ಆಪತ್ತಲ್ಲ, "ವೀಕ್" ಅಂತ ಬಂದರೆ ಆಪತ್ತು. ಆರಂಭದ ಆಹಾರಮಟ್ಟ 900, ಟರ್ನಿಗೆ 1 ಖರ್ಚು, 50ಕ್ಕಿಂತ ಕೆಳಗೆ ಹೋದರೆ ವೀಕ್. ಏನೂ ತಿನ್ನದೆ ಇದ್ದರೆ 850ರ ಆಸುಪಾಸಿನಲ್ಲಿ ವೀಕ್ ಆಗ್ತೀರಿ; ಆಗ ಪ್ರಾರ್ಥಿಸಿದರೆ ಮತ್ತೆ 900. ಚೀಲದಲ್ಲಿರೋ ಫುಡ್ ರೇಶನ್ ಹಾಗೇ ಉಳಿಯತ್ತೆ. ಜೀವಕ್ಕೆ ಬೇಕಾಗಿ ಮೊದಲೇ ಬಳಸಿರದಿದ್ದರೆ ಮೊದಲ ಪ್ರಾರ್ಥನೆಗೆ ಇದು ತುಂಬ ಒಳ್ಳೆ ಉಪಯೋಗ.

ಆಟ ನಿಮ್ಮ ಕಂಪ್ಯೂಟರಿನ ತಾರೀಖು ಓದತ್ತೆ ಅನ್ನೋದು ಕೂಡ ಗೊತ್ತಿರಲಿ. ಹುಣ್ಣಿಮೆ ದಿನ ಲಕ್ +1. 13ನೇ ತಾರೀಖು ಶುಕ್ರವಾರ ಬಿದ್ದರೆ ಲಕ್ −1, ಅಂದರೆ ಬೇರೆ ದಾರಿಯಲ್ಲಿ ಲಕ್ ಏರಿಸದ ಹೊರತು ಆ ದಿನವೆಲ್ಲ ಪ್ರಾರ್ಥನೆ ವ್ಯರ್ಥ. ಅಂಥ ದಿನ ಆಟವನ್ನ ಸೇವ್ ಮಾಡಿ ಮುಚ್ಚಿಡಿ. ಅಮಾವಾಸ್ಯೆಗೂ ಒಂದು ಕಟ್ಟಳೆ ಇದೆ, ಅದು ಕಾಕಟ್ರಿಸ್ ಅನ್ನೋ ಜೀವಿಗೆ ಸಂಬಂಧಪಟ್ಟದ್ದು.

ಲೈಕನ್‌ಪ್ರಿಯ
ಗೌಡ್ರು ಎಲ್ಬೆರೆತ್ ಅಂದಿದ್ದಕ್ಕೆ ಒಂದು ಮಾತು. ಹಳೇ 3.4.3ರ ಸಲಹೆಗಳನ್ನು ಓದಿಕೊಂಡು ಬಂದವರು 3.6ರಲ್ಲಿ ಇದರಿಂದಲೇ ಸಾಯ್ತಾರೆ. ನಿಯಮ ಬದಲಾಗಿದೆ.

ಕ್ಯಾಪಿಟಲ್ 'ಇ' ಒತ್ತಿ, ಬೆರಳಿಗೆ '-' ಆರಿಸಿ, Elbereth ಅಂತ ಇಂಗ್ಲಿಷಿನ ಎಂಟು ಅಕ್ಷರ ಬರೀಬೇಕು. ದೊಡ್ಡಕ್ಷರ ಸಣ್ಣಕ್ಷರ ಯಾವುದಾದರೂ ನಡೆಯುತ್ತೆ. ಧೂಳಿನಲ್ಲಿ ಬರೆಯುವಾಗ ಪ್ರತಿ ಅಕ್ಷರ ಕೆಡುವ ಸಂಭವ 25ರಲ್ಲಿ 1. ಎಂಟೂ ಸರಿಯಾಗಿ ಬರುವ ಸಾಧ್ಯತೆ ಸುಮಾರು 72%. ಬರೆದ ಮೇಲೆ ':' ಒತ್ತಿ ಓದಿ, ಅದಕ್ಕೆ ಟರ್ನ್ ಖರ್ಚಾಗಲ್ಲ. ಒಂದಕ್ಷರ ಕೆಟ್ಟಿದ್ದರೂ ಅದು ಬರೀ ಗೀಚು. ಇನ್ನೊಮ್ಮೆ ಬರೀವಾಗ "ಇರುವುದಕ್ಕೆ ಸೇರಿಸಬೇಕೇ" ಎಂದು ಕೇಳಿದರೆ ಬೇಡ ಅನ್ನಿ, ಯಾಕೆಂದರೆ 3.6ರಲ್ಲಿ ಆ ಚೌಕದಲ್ಲಿ ಆ ಒಂದು ಪದ ಮಾತ್ರ ಇರಬೇಕು.

ಅದರ ಮೇಲೆ ನಿಂತು ನೀವು ಕತ್ತಿ ಬೀಸಿದರೆ ಅಥವಾ ಬಾಣ ಬಿಟ್ಟರೆ ಬರಹ ಅಳಿಸಿಹೋಗುತ್ತೆ. ಮಾನ್‌ಸ್ಟರ್ ಹೆದರಿ ಹಿಮ್ಮೆಟ್ಟಿದಾಗಲೂ ಪ್ರತಿ ಸಲ 7ರಲ್ಲಿ 1 ಸಂಭವ ಅಳಿಯುತ್ತೆ. '@' ಅಂದರೆ ಮನುಷ್ಯರು, ಮಿನೋಟಾರ್, ಅಂಗಡಿಯವನು ಇದಕ್ಕೆ ಸೊಪ್ಪು ಹಾಕಲ್ಲ. ದೂರದಿಂದ ಎಸೆಯುವವರೂ ಎಸೀತಾನೇ ಇರ್ತಾರೆ. ಹಾಗಾಗಿ ಇದು ಈಗ ಯುದ್ಧದ ಕೋಟೆ ಅಲ್ಲ, ಒಂದೆರಡು ಟರ್ನ್ ಉಸಿರು ತಗೊಳ್ಳೋ ಜಾಗ ಮಾತ್ರ. ಆ ಎರಡು ಟರ್ನಿನಲ್ಲಿ ಪೋಶನ್ ಕುಡಿಯಿರಿ ಅಥವಾ ಸ್ಕ್ರೋಲ್ (ಮಂತ್ರದ ಸುರುಳಿ) ಓದಿ. ಮೆಟ್ಟಿಲ ಮೇಲೆ, ಕಾರಂಜಿ ಮೇಲೆ, ಆಲ್ಟರ್ (ಬಲಿಪೀಠ) ಮೇಲೆ ಬರೆಯೋಕಾಗಲ್ಲ.

ಹುಬ್ಬಳ್ಳಿ_ಹ್ಯಾಕರ
ಮೆಟ್ಟಿಲದ ಮಾತ ಬಂತಂದ್ರ ಇರವಿ ವಿಷಯ ಹೇಳಿಬಿಡ್ತೀನ್ರಿ. ಸೋಲ್ಜರ್ ಆಂಟ್ ಅಂದ್ರ ನೀಲಿ ಬಣ್ಣದ ಸಣ್ಣ 'ಎ'. ವೇಗ 18, ನಿಮ್ದು 12. ಓಡಿ ತಪ್ಪಿಸಿಕೊಳ್ಳಾಕ ಆಗೂದಿಲ್ಲ, ಆ ವಿಚಾರನ ಬಿಡ್ರಿ. ಒಂದ ಸಲಕ್ಕ ಎರಡು ಹೊಡೆತ: ಕಚ್ಚೂದು ಎರಡು ನಾಲ್ಕುಮುಖದ ದಾಳ, ಚುಚ್ಚೂದು ಮೂರು ನಾಲ್ಕುಮುಖದ ದಾಳ. ಎರಡೂ ಪೂರ್ತಿ ಬಿದ್ರ 20. ಮ್ಯಾಲೆ ಚುಚ್ಚಿದ್ರಾಗ ವಿಷ ಬ್ಯಾರೆ.

ಬಯಲು ಕೋಣ್ಯಾಗ ನಿಂತ್ರ ನಾಲ್ಕು ದಿಕ್ಕಿಂದ ಮುತ್ತತಾವ. ಅದಕ್ಕ ಮೊದಲ ಇರವಿ ಕಂಡ ಕೂಡ್ಲೆ ಕಾರಿಡಾರಿಗೆ ಹೋಗ್ರಿ, ಒಂದ ಒಂದ ಬರ್ತಾವ. ಮೆಟ್ಟಿಲ ಹತ್ರ ಇದ್ರ ಇನ್ನೂ ಚಲೋ. ಮೆಟ್ಟಿಲ ಮ್ಯಾಲೆ ನಿಂದರ್ರಿ, ಮೊದಲನೇದು ಪಕ್ಕಕ್ಕ ಬಂದ ಕೂಡ್ಲೆ '<' ಒತ್ರಿ. ಪಕ್ಕದ ಚೌಕದಾಗ ಇದ್ದವು ಅಷ್ಟ ನಿಮ್ಮ ಹಿಂದ ಬರ್ತಾವ, ಉಳಿದವು ಕೆಳಗ ಉಳೀತಾವ. ಮ್ಯಾಲೆ ಒಂದನ್ನ ಮುಗಿಸಿ, ಎಚ್‌ಪಿ ತುಂಬೂತನಕ ಕಾದು, ಮತ್ತ ಇಳೀರಿ.

ಇನ್ನ ಫ್ಲೋಟಿಂಗ್ ಐ. ನೀಲಿ ಬಣ್ಣದ ಸಣ್ಣ 'ಇ'. ಅದರ ವೇಗ 1, ತಾನಾಗಿ ಏನೂ ಮಾಡೂದಿಲ್ಲ. ನೀವು ಕತ್ತೀಲೆ ಹೊಡೆದ್ರ ಅದು ತಿರುಗಿ ನೋಡತೈತಿ, ನೀವು 127 ಟರ್ನಿನತನಕ ಕಲ್ಲಿನಂಗ ನಿಲ್ತೀರಿ. ಅಷ್ಟರಾಗ ಒಂದು ಇಲಿ ಬಂದ್ರೂ ಸಾಕು ನಿಮ್ಮನ್ನ ಮುಗಿಸಾಕ. ಡ್ಯಾಗರ್ ಒಗೀರಿ, ಎತ್ತಿಕೊಳ್ರಿ, ಮತ್ತ ಒಗೀರಿ. ಸತ್ತ ಮ್ಯಾಲೆ ಹೆಣ ಬಿಡಬ್ಯಾಡ್ರಿ: ತಿಂದ್ರ ಟೆಲಿಪತಿ ಖಾತ್ರಿ ಸಿಗತೈತಿ. ಕಣ್ಣಿಗೆ ಬಟ್ಟಿ ಕಟ್ಟಿದಾಗ ಮಹಡಿಯೊಳಗಿನ ಮನಸ್ಸಿರೋ ಜೀವಿ ಎಲ್ಲಾ ಕಾಣ್ತಾವ.

ಕ್ಯಾಪಿಟಲ್ 'ಎಫ್' ಅಕ್ಷರದ ಮೋಲ್ಡ್‌ಗಳನ್ನೂ (ಬೂಸ್ಟು) ಮುಟ್ಟಬ್ಯಾಡ್ರಿ. ಹಸಿರುದು ಆಸಿಡ್ ಸಿಡಸ್ತೈತಿ, ನಾಲ್ಕು ಆರುಮುಖದ ದಾಳ, ಸರಾಸರಿ 14. ನಿಮ್ದು ಇರೋದ 16. ಅವು ನಡೆಯೂದಿಲ್ಲ, ಸುತ್ತು ಹಾಕಿ ಹೋದ್ರ ಮುಗೀತು. ಲೈಕನ್ ಒಂದ ಬ್ಯಾರೆ, ಅದು ಅಂಟಿಕೊಳ್ತೈತಿ ಅಷ್ಟ, ಹೊಡೀಬಹುದು.

ಲೈಕನ್‌ಪ್ರಿಯ
ಲೈಕನ್ ಹೆಣ ಎತ್ತಿಟ್ಟುಕೊಳ್ಳಿ, ಅದು ಎಂದಿಗೂ ಕೊಳೆಯಲ್ಲ. ಲಿಜರ್ಡ್ ಹೆಣವೂ ಹಾಗೇ.

ಉಳಿದ ಹೆಣಗಳಿಗೆ: ನೀವೇ ಕೊಂದದ್ದಾಗಿರಬೇಕು, 30 ಟರ್ನಿನೊಳಗೆ ತಿನ್ನಲು ಕೂರಬೇಕು. 50 ದಾಟಿದ ಮೇಲೆ ಪ್ರಾಣಾಪಾಯದ ಫುಡ್ ಪಾಯ್ಸನಿಂಗ್ ಶುರು. ಮಹಡಿಗೆ ಕಾಲಿಟ್ಟಾಗಲೇ ಬಿದ್ದಿದ್ದ ಹೆಣ ಎಷ್ಟು ಹಳೇದು ಅಂತ ತಿಳಿಯೋ ದಾರಿ ಇಲ್ಲ, ಬಿಟ್ಟುಬಿಡಿ. ಝಾಂಬಿ, ಮಮ್ಮಿಗಳದ್ದು ಕೊಂದ ಕ್ಷಣದಲ್ಲೇ 100 ಟರ್ನ್ ಹಳೇದು ಎಂದು ಲೆಕ್ಕ, ಅದನ್ನು ತಿಂದರೆ ಪ್ರಾರ್ಥನೆಯೊಂದೇ ಗತಿ. ಬಾವಲಿ ತಿಂದರೆ ತಲೆ ತಿರುಗುತ್ತೆ. ನಾಯಿ ಬೆಕ್ಕು ತಿಂದರೆ ಆ ಕ್ಷಣದಿಂದ ನಿಮ್ಮ ಇರವು ಮಹಡಿಯಲ್ಲಿರೋ ಎಲ್ಲರನ್ನೂ ಎಬ್ಬಿಸುತ್ತೆ.

ಚಿಕ್ಕಬೆಕ್ಕು
ಎಲ್ಲರಿಗೂ ಧನ್ಯವಾದ, ನೇರ ಉತ್ತರ ಸಿಕ್ಕಿತು. ಎರಡು ಪ್ರಶ್ನೆ. ಗೊತ್ತಿಲ್ಲದ ವಾಂಡ್ (ಮಂತ್ರದ ಕೋಲು), ಸ್ಕ್ರೋಲ್‌ಗಳನ್ನ ಸುಮ್ಮನೆ ಬಳಸಿ ನೋಡೋದು ಸರಿಯೇ? ಮೊದಲು ಮೈನ್ಸ್‌ಗೆ ಹೋಗಬೇಕೋ, ಒಗಟಿನ ಕವಲು ಸೋಕೊಬಾನ್‌ಗೋ?

ಟರ್ಮಿನಲ್_ರಾತ್ರಿ
ವಾಂಡ್‌ಗಳನ್ನ ಗಾಳಿಗೆ ಬೀಸಿ ನೋಡಬೇಡಿ, ಅದರಿಂದ ನೆಲದ ಮೇಲೆ ಬರೆದು ನೋಡಿ. ಮೊದಲು ಬೆರಳಿಂದ ಒಂದು 'ಎಕ್ಸ್' ಗೀಚಿ. ಆಮೇಲೆ ಮತ್ತೆ ಕ್ಯಾಪಿಟಲ್ 'ಇ', ಈ ಸಲ ವಾಂಡ್ ಆರಿಸಿ. ಅಗೆಯುವ ವಾಂಡ್, ಬೆಂಕಿ, ಮಿಂಚು ತಕ್ಷಣ ತಮ್ಮ ಹೆಸರು ಹೇಳಿಬಿಡ್ತವೆ (ಮಿಂಚಾದರೆ ಸ್ವಲ್ಪ ಹೊತ್ತು ಕಣ್ಣು ಕಾಣಲ್ಲ). ನೆಲದ ಹುಳುಗಳು ಚಲಿಸೋದು ನಿಂತವು ಅಂತ ಬಂದರೆ ಅದು ಸ್ಲೀಪ್ ಅಥವಾ ಡೆತ್, ಎರಡರಲ್ಲಿ ಯಾವುದಾದರೂ ಜೀವ ಉಳಿಸೋ ಆಯುಧ. ಗೀಚಿದ 'ಎಕ್ಸ್' ಮಾಯವಾದರೆ ಟೆಲಿಪೋರ್ಟ್, ಕ್ಯಾನ್ಸಲೇಶನ್ ಅಥವಾ ಮೇಕ್ ಇನ್ವಿಸಿಬಲ್. ಮೊದಲೇ ಗೀಚಿಡಬೇಕು ಅನ್ನೋದು ಇದಕ್ಕೇ. ಮಾಯ ಮಾಡಿದ ವಾಂಡನ್ನ ಮುಂದೆ ಬ್ಯಾಗ್ ಆಫ್ ಹೋಲ್ಡಿಂಗ್ (ಹೊರೆ ಹಗುರ ಮಾಡೋ ಮಾಯಾಚೀಲ) ಸಿಕ್ಕಾಗ ಅದರೊಳಗೆ ಮಾತ್ರ ಹಾಕಬೇಡಿ. ಕ್ಯಾನ್ಸಲೇಶನ್ ಆಗಿದ್ದರೆ ಬ್ಯಾಗ್ ಸಿಡಿದು ಒಳಗಿದ್ದದ್ದೆಲ್ಲ ಹೋಗತ್ತೆ.

ಸ್ಕ್ರೋಲ್‌ಗಳಿಗೆ ಅಂಗಡಿ ಬೆಲೆ ನೋಡಿ. ಐಡೆಂಟಿಫೈ ಒಂದರದ್ದೇ ಮೂಲಬೆಲೆ 20, ಸಿಗೋ ಸ್ಕ್ರೋಲ್‌ಗಳಲ್ಲಿ 18% ಅದೇ. ನಿಮ್ಮ ಕರಿಸ್ಮಾ (ಆಕರ್ಷಣೆಯ ಅಂಕ) 11ರಿಂದ 15 ಇದ್ದರೆ ಅಂಗಡಿಯವನು ಮೂಲಬೆಲೆಯನ್ನೇ ಕೇಳ್ತಾನೆ, ಕೆಲವಕ್ಕೆ ಮೂರನೇ ಒಂದಂಶ ಸೇರಿಸ್ತಾನೆ. ಎನ್‌ಚಾಂಟ್ ವೆಪನ್ 60. ಎನ್‌ಚಾಂಟ್ ಆರ್ಮರ್, ರಿಮೂವ್ ಕರ್ಸ್ ಎರಡೂ 80.

ಬಿದ್ದಿರೋ ಬಟ್ಟೆ ಬರೆ ತೊಡೋ ಮುಂಚೆ ಜೊತೆಗಿರೋ ಸಾಕುಬೆಕ್ಕನ್ನ ಗಮನಿಸಿ. ಒಂದು ವಸ್ತುವಿನ ಮೇಲೆ ಅದು ಒಲ್ಲದ ಮನಸ್ಸಿಂದ ಕಾಲಿಟ್ಟಿತು ಅಂತ ಸಂದೇಶ ಬಂದರೆ ಅದು ಶಾಪಗ್ರಸ್ತ. ಆಲ್ಟರ್ ಸಿಕ್ಕರೆ ಇನ್ನೂ ಖಚಿತ: ಮೇಲೆ ಹಾಕಿ ನೋಡಿ, ಕಪ್ಪು ಹೊಳಪು ಬಂದರೆ ಶಾಪ, ಅಂಬರ್ ಬಣ್ಣ ಬಂದರೆ ಆಶೀರ್ವಾದ.

ಪಾತಾಳಗರಡಿ
ಕ್ರಮದ ಬಗ್ಗೆ: ಮನುಷ್ಯ ವಾಲ್ಕಿರಿಯಾದರೆ ಮುಖ್ಯ ದಾರಿಯಲ್ಲೇ 4ನೇ ಮಹಡಿವರೆಗೆ ಇಳಿದು, ಅನುಭವದ ಲೆವೆಲ್ 5ರ ಹತ್ತಿರ ಬಂದ ಮೇಲೆ ಮೈನ್ಸ್‌ಗೆ ಹೋಗಿ. ಮೈನ್ಸ್‌ನ ಮೆಟ್ಟಿಲು 2ರಿಂದ 4ನೇ ಮಹಡಿಯೊಳಗೆ ಎಲ್ಲೋ ಒಂದು ಕಡೆ ಇರುತ್ತದೆ. ಕೆಳಕ್ಕೆ ಹೋಗುವ ಎರಡು ಮೆಟ್ಟಿಲು ಕಂಡ ಮಹಡಿ ಅದೇ. ಲೆವೆಲ್ 1ರಲ್ಲಿ ಒಳಗೆ ಹೋಗುವುದೇ ಹೊಸಬರ ಸಾವಿಗೆ ಮೊದಲ ಕಾರಣ.

ಮೈನ್‌ಟೌನ್ 5ರಿಂದ 8ನೇ ಮಹಡಿಯೊಳಗೆ ಸಿಗುತ್ತದೆ. ಅಲ್ಲಿ ಅರ್ಚಕನಿಗೆ ನಿಮ್ಮ ಲೆವೆಲ್‌ನ 400 ಪಟ್ಟು ಚಿನ್ನ ಕೊಟ್ಟರೆ ಎಸಿ 1 ಪಾಯಿಂಟ್ ಶಾಶ್ವತವಾಗಿ ಸುಧಾರಿಸುತ್ತದೆ. ಲೆವೆಲ್ 2ರಲ್ಲಿ 800, ಲೆವೆಲ್ 5ರಲ್ಲಿ 2000. ಲೆವೆಲ್ ಏರಿದಷ್ಟೂ ದರ ಏರುತ್ತದೆ, ಆದ್ದರಿಂದ ಚಿನ್ನ ಕೂಡಿದ ಕೂಡಲೇ ಕೊಟ್ಟುಬಿಡುವುದು ಲಾಭ. 3.6ರಲ್ಲಿ ಕೆಲವೊಮ್ಮೆ ಊರನ್ನು ಓರ್ಕ್‌ಗಳು ಸೂರೆ ಮಾಡಿರುವ ರೂಪವೂ ಬರುತ್ತದೆ. ಅಲ್ಲಿ ಅರ್ಚಕನೂ ಇಲ್ಲ, ಅಂಗಡಿಯೂ ಇಲ್ಲ. ಹಾಗೆ ಕಂಡರೆ ಮರಳಿ ಬನ್ನಿ.

ಹುಬ್ಬಳ್ಳಿ_ಹ್ಯಾಕರ
ನಾನಂತೂ ಸೋಕೊಬಾನ್ ಮೊದಲ ಅಂತೀನ್ರಿ. 6ನೇ ಮಹಡಿಯಿಂದ ಮುಂದ ಒಂದ ಕಡೆ ಮ್ಯಾಲೆ ಹೋಗೋ ಎರಡನೇ ಮೆಟ್ಟಿಲ ಸಿಗತೈತಿ. ನಾಲ್ಕು ಹಂತ, ಬಂಡಿಗಲ್ಲ ದೂಡಿ ಗುಂಡಿ ಮುಚ್ಚೂದು. ಮಾನ್‌ಸ್ಟರ್ ಇಕ್ಕಟ್ಟಿನ ದಾರ್ಯಾಗ ಒಂದೊಂದ ಬರ್ತಾವ, ತಿನ್ನಾಕ ಸಿಗತೈತಿ, ಉಂಗುರ ವಾಂಡ್ ಇರ್ತಾವ. ತುದೀಗೆ ಬ್ಯಾಗ್ ಆಫ್ ಹೋಲ್ಡಿಂಗ್ ಇಲ್ಲಾ ಕಿರಣ ತಿರುಗಿಸೋ ರಿಫ್ಲೆಕ್ಷನ್ ತಾಯತ, ಅರ್ಧಕ್ಕರ್ಧ ಸಂಭವ. ಕಲ್ಲು ಒಡೆದ್ರ ಪ್ರತಿ ಸಲ ಲಕ್ 1 ಕಡಿಮಿ ಆಗತೈತಿ, ನೆನಪಿರಲಿ.

ಗಂಟೆಗೌಡ್ರು
ಎರಡೂ ಸರಿ, ಆದರೆ 6ನೇ ಮಹಡಿ ತಲುಪೋಕೇ ಕಷ್ಟಪಡೋರಿಗೆ ಮೊದಲು ಎಸಿ ಬೇಕು. ನನ್ನ ಮತ ಪಾತಾಳಗರಡಿಯವರ ಕಡೆ: ಮೈನ್‌ಟೌನ್‌ವರೆಗೆ ಮಾತ್ರ ಮೈನ್ಸ್, ಅಲ್ಲಿಂದ ವಾಪಸ್ಸು, ಆಮೇಲೆ ಸೋಕೊಬಾನ್.

ಇನ್ನೊಂದು. ಪಾತ್ರ ಆರಿಸುವಾಗ ನಿಲುವಿನಲ್ಲಿ ಲಾಫುಲ್ (ಧರ್ಮಪರ) ಆರಿಸಿ. ಲೆವೆಲ್ 5 ಆದ ಮೇಲೆ ಲಾಂಗ್ ಸ್ವೋರ್ಡ್ ಅನ್ನ ಕಾರಂಜಿಯಲ್ಲಿ ಅದ್ದಿದರೆ ಪ್ರತಿ ಸಲ 6ರಲ್ಲಿ 1 ಸಂಭವ ಅದು ಎಕ್ಸ್‌ಕ್ಯಾಲಿಬರ್ ಅನ್ನೋ ವಿಶೇಷ ಕತ್ತಿ ಆಗತ್ತೆ. ಪ್ರತಿ ಏಟಿಗೂ ಹೆಚ್ಚುವರಿ ಹತ್ತುಮುಖದ ದಾಳ. ನ್ಯೂಟ್ರಲ್ (ತಟಸ್ಥ) ಆಗಿದ್ದರೆ ಕತ್ತಿಗೇ ಶಾಪ ತಗಲೋ ಅಪಾಯ. ಅದ್ದುವಾಗ ನೀರುಹಾವು ಬರಬಹುದು, ನಿಂಫ್ ಬಂದು ಕತ್ತಿಯನ್ನೇ ಕದ್ದು ಹೋಗಬಹುದು. ಹಾಗಾಗಿ ತುಂಬಿದ ಎಚ್‌ಪಿ ಇಟ್ಟುಕೊಂಡೇ ಮಾಡಿ. ಮೈನ್‌ಟೌನ್ ಕಾರಂಜಿಗಳಲ್ಲಿ ಬೇಡ; ಅದು ಬತ್ತಿದರೆ ಕಾವಲುಗಾರರು ಮೈಮೇಲೆ ಬೀಳ್ತಾರೆ.

ಟರ್ಮಿನಲ್_ರಾತ್ರಿ
ಪಬ್ಲಿಕ್ ಸರ್ವರ್‌ನಲ್ಲಿ ಆಡೋರಿಗೆ: ಹಾರ್ಡ್‌ಫಾಟ್ ಅನ್ನೋ ಆಟದ ತಾಣಕ್ಕೆ ಅಮೆರಿಕ, ಯುರೋಪ್, ಆಸ್ಟ್ರೇಲಿಯಾ ಮೂರೂ ಕಡೆ ಸರ್ವರ್ ಇದೆ, ನಿಮ್ಮ ಕನೆಕ್ಷನ್‌ಗೆ ಬೇಗ ಸ್ಪಂದಿಸೋದನ್ನ ಆರಿಸಿ. ಲ್ಯಾಗ್ ಇದ್ದಾಗ ಕೀ ಒತ್ತಿ ಹಿಡಿದರೆ ಒತ್ತಿದ್ದೆಲ್ಲ ಸಾಲುಗಟ್ಟಿ ಒಟ್ಟಿಗೆ ಜಾರಿಯಾಗತ್ತೆ, ಎಚ್‌ಪಿ ಬೀಳೋದು ಕಾಣೋ ಹೊತ್ತಿಗೆ ನಾಲ್ಕು ಟರ್ನ್ ಹೋಗಿರತ್ತೆ. ಯಾವ ಮಾನ್‌ಸ್ಟರ್ ಪಕ್ಕದಲ್ಲಿದ್ದರೂ ಒಂದು ಕೀ, ಒಂದು ನೋಟ. ಅಲ್ಲಿ ಎಲ್ಲರ ಆಟವೂ ರೆಕಾರ್ಡ್ ಆಗಿರತ್ತೆ. ಗೆದ್ದವರು ಮೊದಲ 2000 ಟರ್ನ್ ಹೇಗೆ ಆಡಿದ್ದಾರೆ ಅಂತ ನಿಧಾನವಾಗಿ ನೋಡಿ. 2021ರ ನ್ಯೂರಿಪ್ಸ್ (ಕೃತಕ ಬುದ್ಧಿಮತ್ತೆಯ ಸಮ್ಮೇಳನ) ನೆಟ್‌ಹ್ಯಾಕ್ ಸ್ಪರ್ಧೆಯಲ್ಲಿ ಕೂಡ ನಿಯಮ ಬರೆದು ಮಾಡಿದ ಬಾಟ್‌ಗಳೇ ನ್ಯೂರಲ್ ನೆಟ್‌ವರ್ಕ್‌ಗಳನ್ನ ಸೋಲಿಸಿದ್ದು. ಆದರೂ ಆಟ ಪೂರ್ತಿ ಗೆದ್ದದ್ದು ಯಾವುದೂ ಇಲ್ಲ.

ಚಿಕ್ಕಬೆಕ್ಕು
ಗೌಡ್ರೇ, ಅಮಾವಾಸ್ಯೆ ಮತ್ತು ಕಾಕಟ್ರಿಸ್ ಅಂದಿರಲ್ಲ, ಅದು?

ಗಂಟೆಗೌಡ್ರು
ಕಾಕಟ್ರಿಸ್ ಅಂದರೆ ಹಳದಿ ಬಣ್ಣದ ಸಣ್ಣ 'ಸಿ'. ಬರಿಗೈಲಿ ಮುಟ್ಟಿದರೆ, ಬೂಟಿಲ್ಲದೆ ಒದ್ದರೆ, ತಿಂದರೆ ಆ ಕ್ಷಣದಲ್ಲೇ ಕಲ್ಲು. ಕತ್ತಿಯಿಂದ ಹೊಡೆಯೋಕೆ ತೊಂದರೆ ಇಲ್ಲ. ಆದರೆ ಅದು ಬುಸುಗುಟ್ಟಿದಾಗ 10ರಲ್ಲಿ 1 ಸಂಭವ ನಿಧಾನವಾಗಿ ಕಲ್ಲಾಗೋದು ಶುರುವಾಗತ್ತೆ. ಅಮಾವಾಸ್ಯೆ ದಿನ ಚೀಲದಲ್ಲಿ ಲಿಜರ್ಡ್ ಹೆಣ ಇಲ್ಲದಿದ್ದರೆ 10ಕ್ಕೆ 10. ಶುರುವಾದ ಮೇಲೆ ಉಳಿಯೋದು ಐದೇ ಟರ್ನ್. ಲಿಜರ್ಡ್ ಅಥವಾ ಆಸಿಡ್ ಬ್ಲಾಬ್ ಹೆಣ ತಿನ್ನಿ, ಎರಡೂ ಇಲ್ಲದಿದ್ದರೆ ಪ್ರಾರ್ಥಿಸಿ. ಇದೂ ದೊಡ್ಡ ಆಪತ್ತಿನ ಲೆಕ್ಕವೇ.

ಕೈಗವಸು ತೊಟ್ಟು ಅದರ ಹೆಣವನ್ನೇ ಆಯುಧ ಮಾಡಿಕೊಂಡರೆ ಮುಟ್ಟಿದವರು ಬಹುಪಾಲು ಎಲ್ಲ ಕಲ್ಲಾಗ್ತಾರೆ. ಹಾಗೆ ಹಿಡಿದಿರುವಾಗ ಗುಂಡಿಗೆ ಬಿದ್ದರೆ, ಅಥವಾ ಹೊರೆ ಹೆಚ್ಚಾಗಿ ಮೆಟ್ಟಿಲಲ್ಲಿ ಉರುಳಿದರೆ ಹೆಣ ನಿಮ್ಮ ಮೈಗೇ ತಾಗತ್ತೆ. ಕೆಳಗಿನ ಸಾಲಿನಲ್ಲಿ "ಬರ್ಡನ್ಡ್" ಅಂತ ಇದ್ದರೆ ಇಳಿಯೋ ಮುಂಚೆ ಅದನ್ನ ಕೈಯಿಂದ ಬಿಡಿ.